ಕೆಂಪು ಬಾಗಿಲು ತೆಗೆದವರು ಯಾರು

ಯಶೋದಾಬಾಯಿ ಚಹಾದ ಮೊದಲ ಕಪ್ಪನ್ನು ಸತೀಶಕುಮಾರನ ಕೈಗೆ ಕೊಟ್ಟಳು. ಆದದ್ದು ಇಷ್ಟೇ.

ಆದರೆ ಹುಮನಾಬಾದ ಬಸ್ ಡಿಪೋದ ಎದುರಿಗಿರುವ ಅವಳ ಚಹಾದಂಗಡಿಯಲ್ಲಿ, ಸಂಜೆ ಪಾಳಿ ಬದಲಾಗುವ ಹೊತ್ತಿನ ಮೊದಲ ಕಪ್ಪು ಹದಿನೆಂಟು ವರ್ಷಗಳಿಂದ ಡ್ರೈವರ್ ಶಂಕರಲಿಂಗನದು. ಹಾಗೆಂದು ಯಾರೂ ಬರೆದುಕೊಟ್ಟಿರಲಿಲ್ಲ. ಅವನು ಹೇಳುವ ಕತೆಗಳಿಗೆ ಅದು ಸಂದಾಯವಾಗುತ್ತಿತ್ತು. ಬಂಗ್ಲಾದ ಹತ್ತಿರ ಬಸ್ಸಿಗೆ ಅಡ್ಡಲಾಗಿ ಚಿರತೆ ಕೂತದ್ದು, ಬ್ರೇಕು ಹೋದ ಬಸ್ಸನ್ನು ರಾಜೇಶ್ವರದಿಂದ ಬರೀ ಹಾರ್ನಿನ ಬಲದಿಂದ ಊರು ಮುಟ್ಟಿಸಿದ್ದು, ಇಂಥವು. ಚಿರತೆ ಅಸಲಿಗೆ ಒಂದು ಕಂದು ನಾಯಿ ಎಂಬುದು ಎಲ್ಲರಿಗೂ ಗೊತ್ತಿತ್ತು. ಅದು ವರ್ಷದಿಂದ ವರ್ಷಕ್ಕೆ ಹೇಗೆ ಮೈದುಂಬಿಕೊಳ್ಳುತ್ತದೆ ಎಂದು ನೋಡುವುದಕ್ಕೇ ಜನ ಕೂಡುತ್ತಿದ್ದರು.

ಈಗ ಆ ಜನವೆಲ್ಲ ಸತೀಶಕುಮಾರನ ಸುತ್ತ ಕೂತಿತ್ತು. ಅವನು ಶಂಕರಲಿಂಗನ ಬಸವಕಲ್ಯಾಣದ ಬಸ್ಸಿನದೇ ಕಂಡಕ್ಟರ್. ಇಪ್ಪತ್ತಾರರ ಹುಡುಗ, ಮುಡಬಿಯವನು. ಆ ವರ್ಷ ಬಸ್‌ಸ್ಟ್ಯಾಂಡಿನ ಹಿಂದೆ ಕಂಪ್ಯೂಟರಿನ ಆಟದಂಗಡಿ ತೆರೆದಾಗಿನಿಂದ ಅವನ ಬಿಡುವೆಲ್ಲ ಅಲ್ಲೇ. ಅಲ್ಲಿ ಒಂದು ಆಟ ಬಂದಿತ್ತು. ಅದರ ಇಂಗ್ಲಿಷ್ ಹೆಸರು ಯಾರ ಬಾಯಿಗೂ ಹೊರಳದೆ ಎಲ್ಲರೂ ‘ಕುದುರಿ ಆಟ’ ಎನ್ನುತ್ತಿದ್ದರು.

“ಖೊಟ್ಟಿ ಗುಡ್ಡ, ಖೊಟ್ಟಿ ಕುದುರಿ. ಅದರಾಗ ಏನ್ ಸವಿ ಅದನೋ?” ಶಂಕರಲಿಂಗ ಎರಡನೆಯ ಕಪ್ಪನ್ನು ಬೇವಿನ ಕಷಾಯದ ಹಾಗೆ ಹಿಡಿದುಕೊಂಡು ಕೇಳಿದ.

“ಹಂಗನಬ್ಯಾಡ್ರಿ ಕಾಕಾ. ಅದಕ್ಕ ದೊಡ್ಡ ಬಹುಮಾನ ಬಂದದ. ಸಿಡಿ ಮ್ಯಾಲ ಬಂಗಾರದ ಮುದ್ರಿ ಹೊಡದಾರ. ಬ್ಯಾರೆ ಆಟದಾಗ ಇಲ್ಲಿ ಹೋಗು, ಅಲ್ಲಿ ಜಿಗಿ ಅಂತ ಅದು ನಮಗ ಹೇಳ್ತದ. ಇದರಾಗ ನಾವು ಹೋದದ್ದ ದಾರಿ. ದೂರ ಒಂದು ಗುಡ್ಡ ಕಾಣ್ತಂದ್ರ ಖರೇನ ಅಲ್ಲಿಗಿ ಹೋಗಬಹುದು. ಮಳಿ ಬಂದ್ರ ಅಲ್ಲಿಯ ಮಂದಿ ಓಡಿ ಮನಿ ಸೇರ್ತಾರ. ಇವತ್ತ ನೀವು ಮಾಡಿದ್ದು ನಾಳಿ ಅವರಿಗಿ ನೆನಪಿರ್ತದ. ಒಂದು ಕಿಲ್ಲಾ ಅದರಿ, ನಮ್ಮ ಕಲ್ಯಾಣದ ಕಿಲ್ಲಾಕ್ಕಿಂತ ದೊಡ್ಡದು. ಅದರಾಗ ಒಂದು ಕೆಂಪು ಬಾಗಲ. ಹುಮನಾಬಾದದಾಗ ಇಲ್ಲೀತನಕ ಯಾರಿಗೂ ತೆಗಿಯಾಕ ಆಗಿಲ್ಲ.”

“ಒಳಗ ಏನಿದ್ದೀತಪಾ?” ಯಶೋದಾಬಾಯಿ ಸೋಸುವ ಬಟ್ಟೆ ಹಿಡಿದವಳು ಹಾಗೇ ನಿಂತಳು.

ಮೆಕಾನಿಕ್ ಮಹಾರುದ್ರಪ್ಪ ನಕ್ಕ. “ಸತೀಶ ಏಳು ಗುಡ್ಡ ಏರಿ ಬಂದ. ನಮ್ಮ ಶಂಕ್ರಣ್ಣ ನೋಡ್ರಿ, ಹದಿನೆಂಟು ವರ್ಷಾತು, ಕಲ್ಯಾಣ ದಾಟಿ ಮುಂದ ಹೋಗಿಲ್ಲ!”

ಬೆಂಚುಗಳು ಅಲುಗುವಂತೆ ಎಲ್ಲರೂ ನಕ್ಕರು. ಶಂಕರಲಿಂಗ ಕಪ್ಪನ್ನು ಅರ್ಧಕ್ಕೇ ಇಟ್ಟು ಎದ್ದ.

ಮರುದಿನ ಅವನಿಗೆ ವಾರದ ರಜೆ. ಬೆಳಿಗ್ಗೆ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಹೊರಟವನನ್ನು ಕಂಡು ಹೆಂಡತಿ ಶಕುಂತಲಾಬಾಯಿ, “ಎಲ್ಲಿಗ್ರಿ?” ಅಂದಳು.

“ಕಲ್ಯಾಣಕ್ಕ.”

“ಸೂಟಿ ದಿನಾನೂ ಕಲ್ಯಾಣಕ್ಕಽನ?” ಎಂದು ಅವಳು ಹಣೆ ಚಚ್ಚಿಕೊಂಡಳು.

ಅವನ ಲೆಕ್ಕ ಬೇರೆಯಿತ್ತು. ಹುಮನಾಬಾದದಲ್ಲಿ ಆಡಲು ಕೂತರೆ ಗಂಟೆಯೊಳಗೆ ಸುದ್ದಿ ಡಿಪೋ ಮುಟ್ಟುತ್ತದೆ. ಬಸವಕಲ್ಯಾಣದಲ್ಲಿ ಅವನ ಮುಖದ ಪರಿಚಯ ಯಾರಿಗೂ ಇಲ್ಲ. ಹದಿನೆಂಟು ವರ್ಷ ಆ ಊರಿನ ಜನ ನೋಡಿದ್ದೆಲ್ಲ ಅವನ ಬೆನ್ನನ್ನು. ಸದ್ದಿಲ್ಲದೆ ಹೋಗುವುದು, ಆ ಕೆಂಪು ಬಾಗಿಲು ತೆಗೆಯುವುದು, ಸಂಜೆ ಬಂದು ಬೆಂಚಿನ ನಡುವೆ ಕೂತು ಬಾಯಿ ತೆರೆಯುವುದು. ಸತೀಶನ ಮುಖ ಆಗ ಹೇಗಾಗುತ್ತದೆ ಎಂದು ನೆನೆದು ಅವನು ದಾರಿಯುದ್ದಕ್ಕೂ ಒಬ್ಬನೇ ನಕ್ಕ. ಪಕ್ಕದಲ್ಲಿ ಕೂತ ಮುದುಕಿ ಸೀಟು ಬದಲಿಸಿದಳು.

ಕಲ್ಯಾಣದ ಬಸ್‌ಸ್ಟ್ಯಾಂಡಿನ ಎದುರು, ಮಹಡಿಯ ಮೇಲೆ ಧರ್ಮೇಂದ್ರ ಎಂಬವನ ಆಟದಂಗಡಿ. ಆರು ಕಂಪ್ಯೂಟರು, ಮೂಲೆಯಲ್ಲಿ ತಿರುಗಬೇಕೋ ಬೇಡವೋ ಎಂದು ಯೋಚಿಸುವ ಒಂದು ಫ್ಯಾನು. ಕೂತವರೆಲ್ಲ ಕಾಲೇಜಿನವರು. ನಲವತ್ತೆಂಟರ ಮೀಸೆಯೊಂದು ಒಳಗೆ ಬಂದದ್ದನ್ನು ಕಂಡು ಇಬ್ಬರು ತಮ್ಮ ಮಾವನೇ ಹುಡುಕಿಕೊಂಡು ಬಂದನೆಂದು ಎದ್ದು ನಿಂತರು.

“ಯಾರನ್ನ ಕರೀಲಿಕ್ಕ ಬಂದೀರಿ ಕಾಕಾ?” ಧರ್ಮೇಂದ್ರ ಕೇಳಿದ.

“ಯಾರನ್ನೂ ಅಲ್ಲ. ಕುದುರಿ ಆಟ ಹಚ್ಚು.”

ಪಕ್ಕದ ಅಂಗಡಿಯ ಟೇಲರ್ ಅಮೃತ ಕೊರಳಿಗೆ ಟೇಪು ಹಾಕಿಕೊಂಡೇ ಓಡಿ ಬಂದ. ಅವನ ಕೈಯಲ್ಲಿ ಹೊಲಿಗೆಯಿತ್ತು, ಮನಸ್ಸು ಮಾತ್ರ ದಿನವಿಡೀ ಇನ್ನೊಬ್ಬರ ಆಟದಲ್ಲಿ.

ಕುದುರೆ ಬಂತು. ಶಂಕರಲಿಂಗ ಒಂದು ಗುಂಡಿ ಒತ್ತಿದ. ಕುದುರೆ ಹುಲ್ಲು ಮೇಯಲು ನಿಂತಿತು. ಇನ್ನೊಂದು ಒತ್ತಿದ. ಕುದುರೆ ನೆಗೆದು ಹೊಳೆಗೆ ಬಿತ್ತು.

“ಬಲಕ್ಕ ಕಾಕಾ, ಬಲಕ್ಕ!” ಅಮೃತ ಕೂಗಿದ.

“ಬ್ರೇಕ ಎಲ್ಲದನೋ ಇದಕ?” ಶಂಕರಲಿಂಗನ ಬಲಗಾಲು ಮೇಜಿನ ಕೆಳಗೆ ಬ್ರೇಕಿಗಾಗಿ ತಡಕಾಡಿ ಗೋಡೆಗೆ ಒದೆಯಿತು. ಪಕ್ಕದವನ ವೈರು ಕಿತ್ತು ಬಂತು. ಅವನು ಎರಡು ದಿನದಿಂದ ಆಡುತ್ತಿದ್ದ ಆಟ ಕತ್ತಲಾಗಿ, ಅಲ್ಲೊಂದು ಸಣ್ಣ ಜಗಳವೂ ಆಯಿತು. ಅಷ್ಟರಲ್ಲಿ ಕುದುರೆ ಹೊಳೆಯಿಂದೆದ್ದು ನೇರ ಸಂತೆಗೆ ನುಗ್ಗಿ, ಮಡಕೆಯ ಸಾಲನ್ನು ಪುಡಿಮಾಡಿ, ಒಬ್ಬ ಗೌಡನಂಥವನನ್ನು ಸಗಣಿಯ ತಿಪ್ಪೆಗೆ ಕೆಡವಿತು. ಊರೇ ಕೋಲು ಹಿಡಿದು ಬೆನ್ನಟ್ಟಿತು. ಸಿಪಾಯಿಗಳು ಬಂದು ಶಂಕರಲಿಂಗನನ್ನು ಹಿಡಿದು ಜೈಲಿಗೆ ಹಾಕಿದರು.

ಉಳಿದ ಐದು ಕಂಪ್ಯೂಟರಿನವರೂ ತಮ್ಮ ಆಟ ಬಿಟ್ಟು ಅವನ ಹಿಂದೆ ನೆರೆದು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅಮೃತ ನಗಲಿಲ್ಲ. ಅವನು ಕಣ್ಣು ಕಿರಿದು ಮಾಡಿ ಹಿಂದಿನಿಂದ ನೋಡುತ್ತಿದ್ದ.

“ಕಾಕಾ, ಈ ಬೆನ್ನು ನಾ ಎಲ್ಲೋ ನೋಡೀನ್ರಿ. ನೀವು ಹುಮನಾಬಾದ ಡಿಪೋದವರ ಹೌದಲ್ಲೊ?”

ಶಂಕರಲಿಂಗನ ಕುತ್ತಿಗೆಯ ಮೇಲೆ ಬೆವರೊಡೆಯಿತು. ಅದೇ ಗಳಿಗೆಯಲ್ಲಿ ಧರ್ಮೇಂದ್ರ ಕೀಬೋರ್ಡು ಎಳೆದುಕೊಂಡ. “ಆಟ ಉಳಸಿ ಇಡಬೇಕಂದ್ರ ಹೆಸರ ಬರೀಬೇಕ್ರಿ. ಏನಂತ ಬರೀಲಿ?”

ಶಂಕರಲಿಂಗನ ಮೀಸೆಯ ಕೆಳಗೆ ಆ ದಿನದ ಮೊದಲ ಸಂತೋಷ ಮೂಡಿತು.

“ಸತೀಶಕುಮಾರ,” ಅಂದ. “ಹುಮನಾಬಾದ ಡಿಪೋ. ಕಂಡಕ್ಟರ್.”

ಮಡಕೆ ಒಡೆದವನು, ಜೈಲು ಸೇರಿದವನು ಸತೀಶಕುಮಾರ. ಸುದ್ದಿ ಹೋಗುವುದಾದರೆ ಆ ಹೆಸರಿನಲ್ಲೇ ಹೋಗಲಿ! ಶಂಕರಲಿಂಗನಿಗೆ ಎಷ್ಟು ಹಗುರವೆನಿಸಿತೆಂದರೆ, ಇನ್ನೆರಡು ಮಡಕೆ ಒಡೆಯಬೇಕೆನಿಸಿತು.

ಜೈಲಿನಿಂದ ಹೊರಬಂದಾಗ ಕುದುರೆ ಹೋಗಿತ್ತು. ರಸ್ತೆಯ ಬದಿಗೆ ಒಂದು ಜೋಡಿ ಕುದುರೆಯ ಗಾಡಿ ನಿಂತಿತ್ತು. ಅವನು ಏರಿ ಕೂತ. ಕೂತದ್ದೇ ಬೇರೆ ಮನುಷ್ಯನಾದ. ಬೆನ್ನು ನೆಟ್ಟಗಾಯಿತು, ಕೈ ಹದಕ್ಕೆ ಬಂತು. ತಿರುವಿನಲ್ಲಿ ಬಾಯಿಂದಲೇ ‘ಪೋಂ’ ಎಂದ. ಗಾಡಿ ಗೆರೆ ಎಳೆದಂತೆ ಸಾಗಿತು.

“ಕಾಕಾ, ರಸ್ತಾ ಬಿಡ್ರಿ! ಗುಡ್ಡಕ್ಕ ಹೊಡೀರಿ!” ಅಮೃತ ಹಲ್ಲು ಕಡಿದ. “ಈ ಆಟದಾಗ ಯಾರರ ರಸ್ತಾ ಮ್ಯಾಲ ಹೋಗ್ತಾರೇನ್ರಿ?”

ಆಗ ಬೇಲಿಯ ಪಕ್ಕ ತಲೆಯ ಮೇಲೆ ಗಂಟು ಹೊತ್ತ ಒಬ್ಬ ಮುದುಕಿ ಕೈ ಮಾಡಿದಳು. ಕಲ್ಯಾಣ, ಹುಮನಾಬಾದ ಎರಡೂ ಊರಿನ ಆಟಗಾರರು ಅವಳ ಮುಂದಿನಿಂದ ಸಾವಿರ ಸಲ ಕುದುರೆ ಓಡಿಸಿಕೊಂಡು ಹೋಗಿದ್ದರು. ಯಾರೂ ಅವಳನ್ನು ನೋಡಿರಲಿಲ್ಲ. ಶಂಕರಲಿಂಗನ ಕೈಗಳಿಗೆ ಯೋಚನೆ ಬೇಕಾಗಲಿಲ್ಲ. ಕೈ ಮಾಡಿದರೆ ಗಾಡಿ ನಿಲ್ಲಬೇಕು. ನಿಲ್ಲಿಸಿದ. ಮುದುಕಿ ಏರಿದಳು. ಮುಂದಿನ ಊರಿನಲ್ಲಿ ಇಳಿದು, ಕೈಮುಗಿದು ಹೋದಳು.

“ಏನ್ ಕೊಟ್ಟಳು?” ಹಿಂದಿನಿಂದ ಯಾರೋ ಕೇಳಿದರು.

“ಏನೂ ಇಲ್ಲ.”

“ಮತ್ಯಾಕ ಹತ್ತಿಸಿಕೊಂಡ್ರಿ?”

ಶಂಕರಲಿಂಗನಿಗೆ ಆ ಪ್ರಶ್ನೆಯೇ ತಿಳಿಯಲಿಲ್ಲ. ಆಟದೊಳಗೆ ಹೊತ್ತು ಮುಳುಗಿ ಮತ್ತೆ ಬೆಳಗಾಯಿತು. ಮುದುಕಿ ಅದೇ ಬೇಲಿಯ ಪಕ್ಕ ನಿಂತಿದ್ದಳು. ಈ ಸಲ ಗಾಡಿಯನ್ನು ದೂರದಿಂದಲೇ ಗುರುತಿಸಿ ನಕ್ಕಳು. ಮೂರನೆಯ ದಿನ ಮಳೆ. ಅವಳು ತಲೆಯ ಮೇಲೆ ಗೋಣಿ ಹಾಕಿಕೊಂಡು ಕಾದಿದ್ದಳು. ಶಂಕರಲಿಂಗ ಗುಡ್ಡ ಮರೆತ, ಕೆಂಪು ಬಾಗಿಲು ಮರೆತ, ಸತೀಶನನ್ನೂ ತುಸು ಹೊತ್ತು ಮರೆತ. ಹೋಗುವುದು, ಬರುವುದು. ನಡುವೆ ಸಂತೆಯವರು ಕೈ ಬೀಸತೊಡಗಿದರು, ತಿಪ್ಪೆಗೆ ಬಿದ್ದ ಗೌಡನೂ ಒಮ್ಮೆ ಹತ್ತಿ ಕೂತ.

“ಸುಡಗಾಡ! ಇಲ್ಲಿಗೂ ಬಂದು ಬಸ್ಸ ಹೊಡಿಯಾಕತ್ತಾನಲ್ರಿ ಈ ಮನಷ್ಯಾ!” ಎಂದು ಅಮೃತ ಎದ್ದು ಹೋದ. ಹತ್ತು ನಿಮಿಷಕ್ಕೆ ತಡೆಯಲಾರದೆ ಮತ್ತೆ ಬಂದ.

ಏಳನೆಯ ಸಲ ಮುದುಕಿ ಕೂಡಲೇ ಇಳಿಯಲಿಲ್ಲ. ಗಂಟು ಬಿಚ್ಚಿ ಒಂದು ತುಕ್ಕು ಹಿಡಿದ ಕೀಲಿಕೈ ತೆಗೆದು ಅವನ ಮುಂದೆ ಹಿಡಿದಳು. ಕಿಲ್ಲೆಯ ಕಡೆ ಬೆರಳು ಮಾಡಿ, ಆಮೇಲೆ ಇಳಿದುಹೋದಳು.

ಗಾಡಿ ಕಿಲ್ಲೆಯೊಳಗೆ ಹೋಯಿತು. ಕೆಂಪು ಬಾಗಿಲು. ಕೀಲಿಕೈ ತಿರುಗಿತು. ಬಾಗಿಲು ಕಿರ್ರೆಂದು ಅಲುಗಿತು. ಧರ್ಮೇಂದ್ರ ಕುರ್ಚಿಯ ಮೇಲೆ ಹತ್ತಿ ಕುಣಿದ. ಅಮೃತ ತನ್ನ ಟೇಪನ್ನೇ ತೆಗೆದು ಹೂಹಾರದಂತೆ ಶಂಕರಲಿಂಗನ ಕೊರಳಿಗೆ ಹಾಕಿದ.

ಆಗಲೇ ಕೆಳಗೆ ಐದು ಗಂಟೆಯ ಹುಮನಾಬಾದ ಬಸ್ಸು ಹಾರ್ನ್ ಹೊಡೆಯಿತು. ಇದು ತಪ್ಪಿದರೆ ಪಾಳಿ ಬದಲಾಗುವ ಹೊತ್ತಿಗೆ ಡಿಪೋ ಮುಟ್ಟುವುದಿಲ್ಲ. ಬೆಂಚು ಖಾಲಿಯಾಗಿರುತ್ತದೆ. ಕೇಳುವವರಿಲ್ಲದ ಮೇಲೆ ಬಾಗಿಲು ತೆಗೆದೇನು ಫಲ?

ಶಂಕರಲಿಂಗ ಎದ್ದ.

“ಕಾಕಾ, ಒಳಗ ಏನದ ನೋಡದ ಹೊಂಟೀರಿ?!”

“ನೀವು ನೋಡ್ರಿ!” ಎಂದು ಅವನು ಟೇಪನ್ನು ಎಸೆದು ಮೆಟ್ಟಿಲು ಇಳಿದೇ ಬಿಟ್ಟ. ಬಾಗಿಲ ತನಕ ಖರೆ ಕತೆ ಸಿಕ್ಕಿತ್ತು. ಒಳಗಿನದನ್ನು ಹೆಣೆಯುವುದು ಅವನಿಗೆ ಎಷ್ಟರ ಕೆಲಸ? ಬಂಗ್ಲಾ ದಾಟುವಷ್ಟರಲ್ಲಿ ಬಾಗಿಲ ಹಿಂದೆ ಬೆಳ್ಳಿಯ ಸಿಂಹಾಸನ ಬಂದಿತ್ತು. ರಾಜೇಶ್ವರದಲ್ಲಿ ಎರಡು ಆನೆ ಸೇರಿದವು. ಹುಮನಾಬಾದದಲ್ಲಿ ಇಳಿದಾಗ ಆನೆಗಳು ಏಳಾಗಿದ್ದವು.

ಚಹಾದಂಗಡಿಯಲ್ಲಿ ಜಾತ್ರೆಯಷ್ಟು ಜನ. ನಡುವೆ ಸತೀಶಕುಮಾರ ಕೂತಿದ್ದ, ಕೊರಳಲ್ಲಿ ಚೆಂಡುಹೂವಿನ ಹಾರ, ಬಾಯಲ್ಲಿ ಪೇಡೆ, ಮುಖದಲ್ಲಿ ಕುರಿಯ ಗಾಬರಿ.

“ಬಾ ಶಂಕ್ರಣ್ಣ, ಬಾ!” ಮಹಾರುದ್ರಪ್ಪ ಕೂಗಿದ. “ನಿನ್ನ ಕಂಡಕ್ಟರ್ ಡಿಪೋಕ್ಕ ಹೆಸರ ತಂದ! ಕಲ್ಯಾಣದಿಂದ ಧರ್ಮೇಂದ್ರ ಅನ್ನಾಂವ ಫೋನ್ ಮಾಡಿದ್ದ. ಕೆಂಪು ಬಾಗಲ ತೆಗದದ್ದು ನಿಮ್ಮ ಸತೀಶಕುಮಾರ ಅಂತ. ಅಂಗಡಿ ಹೊರಗ ಬೋರ್ಡ್ ಬರದು ಹಾಕ್ಯಾನಂತ!”

“ನಾ ಅಲ್ರೀ,” ಸತೀಶ ಪೇಡೆ ನುಂಗಿ ಗೋಗರೆದ. “ನಾ ಇವತ್ತ ಮುಡಬಿಗಿ ಹೋಗಿದ್ನಿ, ನಮ್ಮವ್ವನ ಕೇಳ್ರಿ.”

“ನೋಡ್ರಿ ಎಷ್ಟ ನಮ್ರತಾ!” ಯಶೋದಾಬಾಯಿ ಇನ್ನೊಂದು ಪೇಡೆಯನ್ನು ಅವನ ಬಾಯಿಗೆ ತುರುಕಿದಳು. “ಇನ್ನೊಬ್ಬಾಂವ ಆಗಿದ್ರ ಊರ ತುಂಬ ಡಂಗುರ ಸಾರ್ತಿದ್ದ.”

“ಅಂವ ಅಲ್ಲ!” ಶಂಕರಲಿಂಗ ಚೀರಿದ. “ನಾ! ಬಾಗಲ ತೆಗದಾಂವ ನಾ! ಅವನ ಹೆಸರ ಬರಸಿದಾಂವನೂ ನಾನ!”

ಎದ್ದ ನಗೆಗೆ ಡಿಪೋದ ತಗಡು ಅದುರಿತು.

“ಚಿರತಿ ನೀನ ಓಡಿಸಿದಿ, ಬಾಗಲಾನೂ ನೀನ ತೆಗದಿ!” ಮಹಾರುದ್ರಪ್ಪ ಕಣ್ಣೊರೆಸಿಕೊಂಡ.

ಸತೀಶನೊಬ್ಬ ನಗಲಿಲ್ಲ. ಅವನಿಗೆ ನಿಜವಾಗಿಯೂ ತಿಳಿಯಬೇಕಾಗಿತ್ತು. “ತಡೀರಿ. ಕಾಕಾ, ನೀವ ತೆಗದಿದ್ರ ಹೇಳ್ರಿ. ಬಾಗಲದ ಒಳಗ ಏನಿತ್ತು? ಧರ್ಮೇಂದ್ರ ನನಗ ಫೋನಿನಾಗ ಎಲ್ಲಾ ಹೇಳ್ಯಾನ. ಇನ್ನೂ ಇವರ್ಯಾರಿಗೂ ನಾ ಹೇಳಿಲ್ಲ. ಬರೋಬ್ಬರಿ ಹೇಳಿದ್ರಂದ್ರ ಈ ಹಾರ ನಿಮ್ಮದು.”

ಎಲ್ಲರೂ ತಿರುಗಿದರು. ಹದಿನೆಂಟು ವರ್ಷದ ಕೇಳುಗರು, ಎಲ್ಲರ ಕಣ್ಣೂ ಅವನ ಮೇಲೆ. ‘ನಾ ನೋಡಲಿಲ್ಲ, ಬಸ್ಸಿಗಿ ಬಂದೆ’ ಎಂದು ಹೇಳಬಹುದಿತ್ತು. ಆದರೆ ಬೆಂಚು ತುಂಬಿತ್ತು, ಜನ ಬಾಯಿ ತೆರೆದುಕೊಂಡು ಕೂತಿತ್ತು. ಶಂಕರಲಿಂಗನ ನಾಲಿಗೆ ಅವನ ಅಪ್ಪಣೆ ಕೇಳಲಿಲ್ಲ.

“ಬೆಳ್ಳಿ ಸಿಂಹಾಸನ!” ಅಂದ. “ಏಳು ಆನಿ! ಸೊಂಡಿಲಾಗ ಒಂದೊಂದು ದೀಪಾ!”

ಸತೀಶನ ಮುಖದಲ್ಲಿದ್ದ ಸಂಶಯ ಇಳಿದುಹೋಯಿತು. ಹಾರವನ್ನು ಸರಿಮಾಡಿಕೊಂಡು ಅವನು ಮೆಲ್ಲಗೆ ಹೇಳಿದ:

“ಆನಿ ಇಲ್ಲ, ಸಿಂಹಾಸನಾನೂ ಇಲ್ರಿ ಕಾಕಾ. ಒಂದು ಸಣ್ಣ ಅಡಗಿಮನಿ. ದಾರಿಯಾಗ ಗಾಡಿಗಿ ಕೈ ಮಾಡ್ತಿದ್ದ ಮುದುಕಿ ಒಲಿ ಮುಂದ ಕುಂತಾಳ. ಒಂದು ತಾಟು ಹಚ್ಚಿ ಇಟ್ಟಾಳ, ಮ್ಯಾಲ ಬಿಸಿ ಹೊಗಿ ಏಳಾಕತ್ತದ. ಬಾಗಲ ತೆಗದ ಕೂಡಲೆ ತಿರುಗಿ ನೋಡಿ ಅಂತಾಳಂತ: ‘ಬಾ ಮಗಾ ಸತೀಶಕುಮಾರ. ದಿನಾ ಕರಕೊಂಡ ಹೋದಿ, ಒಮ್ಮೆನೂ ಏನೂ ಬೇಡಲಿಲ್ಲ. ಉಣ್ಣಾಕ ಕೂಡು.’ ಧರ್ಮೇಂದ್ರ ಅಂದ, ಆ ಅಂಗಡಿಯಾಗ ಎಲ್ಲರ ಕಣ್ಣಾಗೂ ನೀರು ಬಂತಂತ್ರಿ.”

ಯಶೋದಾಬಾಯಿ ಸೆರಗಿನಿಂದ ಮೂಗು ಒರೆಸಿಕೊಂಡಳು. ಮಹಾರುದ್ರಪ್ಪನೂ ತಲೆ ತಗ್ಗಿಸಿದ. “ಖರೇನ, ನಮ್ಮ ಸತೀಶಂದು ದೊಡ್ಡ ಮನಸ್ಸ,” ಎಂದು ಯಾರೋ ಅಂದರು.

ಗೋಣಿ ಹೊದ್ದು ಮಳೆಯಲ್ಲಿ ಕಾದ ಆ ಮುದುಕಿ ಶಂಕರಲಿಂಗನ ಕಣ್ಣ ಮುಂದೆ ಬಂದಳು. ತಾಟು ಹಚ್ಚಿಕೊಂಡು ಕೂತಿದ್ದಾಳೆ, ಸತೀಶಕುಮಾರನನ್ನು ಕರೆಯುತ್ತಿದ್ದಾಳೆ. ಅವನ ಕಣ್ಣು ತುಂಬಿ ಮೀಸೆಯ ಮೇಲೆ ಒಂದು ಹನಿ ಉದುರಿತು.

ಯಶೋದಾಬಾಯಿ ಅದನ್ನು ನೋಡಿಬಿಟ್ಟಳು. ಹತ್ತಿರ ಬಂದು ಅವನ ತೋಳು ತಟ್ಟಿ, ತುಂಬ ಕರುಣೆಯಿಂದ ಹೇಳಿದಳು:

“ಅಯ್ಯ ಶಂಕ್ರಣ್ಣ, ಅಳುವಷ್ಟು ಹೊಟ್ಟಿಕಿಚ್ಚ ಛಲೋ ಅಲ್ಲಪಾ.”