ಚಂದ್ರನಿಗೆ ಹೊರಟ ಡಬ್ಬಿ ಮತ್ತು ನಮ್ಮ ಸೋದರತ್ತೆ

ಚಂದ್ರನ ಮೇಲೆ ಏನನ್ನು ಇಳಿಸಬೇಕೆಂಬುದು ನಮ್ಮ ಸೋದರತ್ತೆಗೆ ಚೆನ್ನಾಗಿ ಗೊತ್ತು. ಒಲೆಯ ಮೇಲಿಂದ ಹಾಲನ್ನು ಯಾವಾಗ ಇಳಿಸಬೇಕೆಂಬುದು ಮಾತ್ರ ಇಂದಿಗೂ ಗೊತ್ತಿಲ್ಲ!

ಅವರಿರುವುದು ದೇಶದ ಬಾಹ್ಯಾಕಾಶ ಸಂಸ್ಥೆಯಲ್ಲಿ. ರಾಕೆಟ್ ಹಾರಿದಾಗಲೆಲ್ಲ ಅವರೇ ಬತ್ತಿ ಹಚ್ಚಿದರೆಂದು ನಾರಾಯಣಪೇಟೆಯ ನಮ್ಮ ನೇಕಾರರ ಓಣಿಯಲ್ಲಿ ಪೇಡೆ ಹಂಚುತ್ತಾರೆ. ಅಸಲಿಗೆ ಅವರು ರಾಕೆಟ್ಟನ್ನು ಮುಟ್ಟಿದವರೇ ಅಲ್ಲ. ಯಾವ ನೌಕೆಯಲ್ಲಿ ಯಾವ ವಿಜ್ಞಾನಿಯ ಉಪಕರಣ ಹೋಗಬೇಕೆಂದು ಯೋಜನೆ ಹಾಕಿ, ಸಭೆ ಕರೆದು, ಮಂಜೂರಾತಿಗೆ ಬೆನ್ನು ಹತ್ತುವುದು ಅವರ ಕೆಲಸ. ಅದನ್ನು ಕಚೇರಿಯಲ್ಲೇ ಬಿಟ್ಟು ಬರಬಾರದೇ? ಉಪ್ಪಿನಕಾಯಿ ಹಾಕುವ ಮುನ್ನ ಅಮ್ಮನನ್ನು ಕೂರಿಸಿಕೊಂಡು ‘ಸಿದ್ಧತಾ ಪರಿಶೀಲನೆ’ ನಡೆಸುತ್ತಾರೆ. ಭರಣಿ ಒಡೆದರೆ ಏನು ವ್ಯವಸ್ಥೆ ಎಂದು ಕೇಳಿದಾಗ ಅಮ್ಮ, ‘ಕಸಬರಿಗಿ ಐತಲ್ಲರಿ’ ಎಂದಳು. ಅತ್ತೆ ಅದನ್ನೂ ಗಂಭೀರವಾಗಿ ಬರೆದುಕೊಂಡರು.

ಇಂಥವರಿಗೂ ಒಂದು ದೌರ್ಬಲ್ಯವಿತ್ತು. ವಯಸ್ಸಾದ ಪ್ರೊಫೆಸರರೊಬ್ಬರು ಸಣ್ಣ ಕಾಲೇಜಿನ ಪ್ರಯೋಗಾಲಯದಲ್ಲಿ ಕಟ್ಟಿದ, ಚಂದ್ರನ ಧೂಳಿನ ಕಣ ಎಣಿಸುವ ಡಬ್ಬಿ. ನೌಕೆಯ ತೂಕ ಹೆಚ್ಚಿದಾಗಲೆಲ್ಲ ಎಲ್ಲರ ಕಣ್ಣೂ ಅದರ ಮೇಲೆಯೇ ಬೀಳುವುದು. ಅಡ್ಡ ನಿಂತು ಉಳಿಸುವವರು ಅತ್ತೆ. ನನ್ನ ಮದುವೆ ಸೀರೆಗೆಂದು ಅವರು ಬಂದ ವಾರವೇ ಅದರ ಕೊನೆಯ ತೀರ್ಮಾನ. ವಾದಿಸುವುದೆಲ್ಲ ಮುಗಿದು, ಫೋನ್ ಬರುವುದಷ್ಟೇ ಬಾಕಿ ಇತ್ತು.

ನೇಕಾರರ ಮಗಳಾಗಿ ನಮ್ಮೂರ ಸೀರೆ ಬಿಟ್ಟು ಗದ್ವಾಲ ಸೀರೆ ಕೇಳಿದೆನೆಂದು ಅಪ್ಪ ಮುನಿಸಿಕೊಂಡು ಮಗ್ಗ ಬಿಟ್ಟೇಳಲಿಲ್ಲ. ಗದ್ವಾಲಕ್ಕೆ ಹೊರಟ ಉಳಿದವರಿಗೆ ಅತ್ತೆಯ ಯೋಜನೆ: ಒಂದು ಬಸ್ಸು ಕೆಟ್ಟರೆ ಇನ್ನೊಂದಾದರೂ ಮುಟ್ಟಲಿ ಎಂದು ಎರಡು ಬಸ್ಸು, ಎರಡು ತಂಡ, ಎರಡು ಬುತ್ತಿ. ದಾರಿಯಲ್ಲಿ ಮಕ್ತಲ್‌ನಲ್ಲಿ ಇಳಿದು ತಲೆ ಎಣಿಸಿದರೆ ಮದುಮಗಳೇ ಇಲ್ಲ! ಆ ಬಸ್ಸಿನಲ್ಲಿರಬೇಕೆಂದು ಇವರು, ಈ ಬಸ್ಸಿನಲ್ಲಿರಬೇಕೆಂದು ಅವರು. ನಾನು ನಾರಾಯಣಪೇಟೆ ಬಸ್‌ಸ್ಟ್ಯಾಂಡಿನಲ್ಲಿ ಮಿರ್ಚಿ ತಿನ್ನುತ್ತ ನಿಂತಿದ್ದೆ. ನನ್ನ ಫೋನು ಅಮ್ಮನ ಚೀಲದಲ್ಲಿತ್ತು. ಕರೆದೊಯ್ಯಲು ಮರಳಿ ಬಂದ ಅತ್ತೆ ಕ್ಷಮೆ ಕೇಳಿದರೇ? ಲೋಪ ಮದುವೆಗೆ ಮೊದಲೇ ಸಿಕ್ಕಿದ್ದು ಒಳ್ಳೆಯದಾಯಿತೆಂದು ಟಿಪ್ಪಣಿ ಮಾಡಿಕೊಂಡರು.

ಗದ್ವಾಲದ ನೇಕಾರರೊಬ್ಬರು ಹತ್ತಿಯ ಒಡಲಿಗೆ ರೇಷ್ಮೆ ಅಂಚು ಜೋಡಿಸಿದ ಸೀರೆಗಳನ್ನು ಹರಡಿದರು. ಈ ಜೋಡಣೆ ಬಿಟ್ಟರೆ ಏನು ಗತಿ ಎಂದು ಅತ್ತೆ ಕನ್ನಡಕ ಏರಿಸಿದರು.

‘ಸೀರಿ ಹರೀತೈತ್ರಿ, ಜೋಡಣಿ ಬಿಡಂಗಿಲ್ಲ’ ಎಂದರು ನೇಕಾರರು. ಅತ್ತೆ ಅಂಚನ್ನು ಎರಡು ಸಲ ಎಳೆದು ನೋಡಿ, ಕನ್ನಡಕ ಇಳಿಸಿದರು.

ಆಗಲೇ ಫೋನ್ ಬಂತು. ಡಬ್ಬಿಯನ್ನು ನೌಕೆಯಿಂದ ತೆಗೆದುಹಾಕಿದ್ದರು. ಕಚೇರಿಯ ಪತ್ರ ತಲುಪುವ ಮೊದಲು ತಾವೇ ಹೇಳಬೇಕೆಂದು ಅತ್ತೆ ಸೀರೆಗಳ ನಡುವೆ ಕೂತೇ ಪ್ರೊಫೆಸರರಿಗೆ ಫೋನ್ ಹಚ್ಚಿದರು.

‘ತೂಕಕ್ಕಂತ ತೆಗದಾರ ಸರ್, ನಿಮ್ಮ ಕೆಲಸ ಕಮ್ಮಿ ಬಿದ್ದದ್ದಕ್ಕಲ್ಲ. ಮುಂದಿನ ನೌಕೆಗೆ ಅರ್ಜಿ ನಾನೇ ಬರೀತೀನಿ.’

ಅದು ಯಾವಾಗ ಎಂದು ಆ ಕಡೆಯಿಂದ ಅವರು ಕೇಳಿರಬೇಕು. ಹತ್ತು ವರ್ಷ ಆಗಬಹುದು ಎಂದು ಹೇಳಿ ಅತ್ತೆ ಫೋನ್ ಇಟ್ಟರು.

ಅತ್ತೆಯ ನಿವೃತ್ತಿಗೆ ಎರಡೇ ವರ್ಷ. ‘ಆವಾಗ ನೀವೂ ಇರಂಗಿಲ್ಲಲ್ಲ ಅತ್ತಿ?’ ಎಂದೆ.

‘ಬರದಿಟ್ಟಿದ್ದು ಇರ್ತೈತಿ’ ಎಂದವರು ಕೈಗೆ ಸಿಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡರು. ಅದು ಅವರ ಸೆರಗಲ್ಲ, ಮಾರಾಟಕ್ಕೆ ಹರಡಿದ್ದ ಸೀರೆಯದು. ನೇಕಾರರು ನೋಡಿಯೂ ಬೇರೆ ಸೀರೆ ಮಡಚತೊಡಗಿದರು. ಅತ್ತೆಯನ್ನು ತಬ್ಬಿಕೊಳ್ಳಬೇಕೆನಿಸಿತು, ಅಷ್ಟು ಜನರೆದುರು ನಾಚಿಕೆಯಾಯಿತು. ‘ಇದನ್ನ ಕಟ್ಟರಿ’ ಎಂದೆ. ಮದುವೆಗೆ ಅದನ್ನೇ ಉಟ್ಟೆ.