ಒಂದು ಹನಿ ಬೆವರು, ಒಂದು ಜಾಡಿ ಆವಕಾಯಿ

ಪ್ರೀತಿಯ ಮೇಲೆ ನನಗೆ ನಂಬಿಕೆ ಕಡಿಮೆ. ಆದರೂ ಸೋನಾಮಸೂರಿ ಅಕ್ಕಿಗೆಂದು ಮುಂಬೈ ಪಕ್ಕದ ಡೊಂಬಿವ್ಲಿ ಪೂರ್ವದ ಆಂಧ್ರ ಅಂಗಡಿಗೆ ಹೋದಾಗಲೆಲ್ಲ ಅಲ್ಲಿ ಯಾರೋ ಒಬ್ಬರು ಪ್ರೀತಿಗೆ ಬಿದ್ದಿರುತ್ತಿದ್ದರು. ಎರಡು ಸಾವಿರದ ಹತ್ತರ ಆಸುಪಾಸಿನಲ್ಲಿ ಆ ಸರದಿ ನನ್ನ ರೂಮ್‌ಮೇಟ್‌ನದು. ಗುಂಟೂರಿನ ಹುಡುಗ, ಐರೋಲಿಯಲ್ಲಿ ಕೆಲಸ.

1. ಗೋಂಗೂರ

ಭಾನುವಾರ ಬೆಳಿಗ್ಗೆ ಅಂಗಡಿಗೆ ಹೈದರಾಬಾದ್ ರೈಲಿನಲ್ಲಿ ಗೋಂಗೂರ ಬರುತ್ತಿತ್ತು, ನಮ್ಮ ಪುಂಡಿ ಸೊಪ್ಪು. ಸಾಲಿನಲ್ಲಿ ಹತ್ತಿರದ ದಿವಾ ಸ್ಟೇಷನ್ನಿನ ಕಡೆಯಿಂದ ಅಮ್ಮನ ಜೊತೆ ಬರುವ ಹುಡುಗಿಯೊಬ್ಬಳಿದ್ದಳು. ಒಂದು ದಿನ ಕೊನೆಯ ಕಟ್ಟು ಇವನ ಕೈಗೆ ಬಂತು. ಹಿಂದೆ ನಿಂತಿದ್ದ ಅವಳಿಗೆ ಕೊಟ್ಟುಬಿಟ್ಟ. ಅವಳು ನಕ್ಕಳು.

"ಸಾರ್, ಅವಳು ನಕ್ಕಾಗ ಲೋಕಲ್ ರೈಲುಗಳ ಸದ್ದೇ ನಿಂತುಹೋಯ್ತು."

"ಭಾನುವಾರ ಮೆಗಾಬ್ಲಾಕ್ ಕಣಯ್ಯ, ಹಳಿ ರಿಪೇರಿಗೆ ರೈಲೇ ನಿಲ್ಲಿಸಿರ್ತಾರೆ," ಎಂದೆ.

2. ಹನಿ

ಮೇ ತಿಂಗಳಲ್ಲಿ ಆ ಅಂಗಡಿಯ ಮುಂದೆ ದೊಡ್ಡ ಕತ್ತಿ ಇಟ್ಟು, ತೆಲುಗರ ಮನೆಗಳ ಮಾವಿನಕಾಯಿಗಳನ್ನು ಓಟೆ ಸಮೇತ ಹೋಳು ಮಾಡಿಕೊಡುತ್ತಿದ್ದರು. ಒರೆಸಿ ಕೊಡುವುದು ಮನೆಯವರ ಕೆಲಸ. ನೀರು ತಾಗಿದರೆ ಆವಕಾಯಿ ಉಪ್ಪಿನಕಾಯಿಗೆ ಬೂಸ್ಟು. ಇವನು ಅವಳ ಮನೆಯ ಕಾಯಿ ಒರೆಸಲು ಕೂತ. ಒಂದೇ ಪಂಚೆ, ಈ ತುದಿ ಇವನಿಗೆ, ಆ ತುದಿ ಅವಳಿಗೆ. ಅವಳನ್ನೇ ನೋಡುತ್ತ ಒರೆಸಿದ್ದನ್ನೇ ಒರೆಸಿದ. ಹಣೆಯಿಂದ ಒಂದು ಹನಿ ಬೆವರು ಹೋಳುಗಳ ಮೇಲೆ ಬಿತ್ತು.

"ಅಯ್ಯಯ್ಯೋ ಬಾಬೂ, ಆವಕಾಯಿಗೆ ನೀರಾ!" ಅವಳಮ್ಮ ಚೀರಿದರು.

ಗಾಬರಿಯಲ್ಲಿ ಇವನು, "ಆಂಟಿ, ನಿಮ್ಮ ಮಗಳನ್ನ ಮದುವೆ ಆಗಬೇಕು ಅಂತಿದ್ದೀನಿ" ಎಂದುಬಿಟ್ಟ.

ಕತ್ತಿ ನಿಂತಿತು. ಆಕೆ ಹೋಳುಗಳನ್ನು ನೋಡಿದರು, ಇವನನ್ನು ನೋಡಿದರು. "ಇವನ್ನ ಬೇರೆ ಜಾಡಿಗೆ ಹಾಕ್ತೀನಿ. ದಸರಾಕ್ಕೆ ತೆಗೀತೀನಿ. ಬೂಸ್ಟು ಬಂದಿಲ್ಲ ಅಂದ್ರೆ ಮಾತಾಡೋಣ."

ನಾನು ಓದಿದ್ದು ಸೂಕ್ಷ್ಮಜೀವಿಶಾಸ್ತ್ರ. "ಬೂಸ್ಟು ಬರುತ್ತಾ ಸಾರ್?" ಎಂದು ಕೇಳಿದ.

"ಅಷ್ಟು ಖಾರದಲ್ಲಿ ಬೂಸ್ಟು ಬದುಕೋದು ಕಷ್ಟ," ಎಂದೆ. "ಅಳಿಯ ಬದುಕೋದೂ ಕಷ್ಟ."

3. ಮಳೆಗಾಲ

ದಿವಾದ ಗೋಡೆಗಳಿಗೆಲ್ಲ ಬೂಸ್ಟು ಬಂತು. ಭಾನುವಾರ ಸಾಲಿನಲ್ಲಿ ಅವಳು ಮೆಲ್ಲಗೆ, "ಎಣ್ಣೆ ಮೇಲೆ ನಿಂತಿದೆ, ಬೂಸ್ಟಿಲ್ಲ" ಎಂದರೆ ಸಾಕು, ಇವನು ವಾರವಿಡೀ ಕಿಟಕಿಯಲ್ಲಿ ಕೂತು ಮಳೆ ನೋಡುತ್ತಿದ್ದ. ಒಂದು ಭಾನುವಾರ ಅಂಗಡಿಯೊಳಗೆ ಇಂಗಿನ ವಾಸನೆ, ಹೊರಗೆ ಸೋನೆ, ನಡುವೆ ಒಂದೇ ಕೊಡೆ ಹಿಡಿದು ನಿಂತ ಅವರಿಬ್ಬರು. ನಾನೂ ಬಂದ ಕೆಲಸ ಮರೆತು ನೋಡುತ್ತ ನಿಂತೆ.

"ನಿಮಗೇನು ಸಾರ್?" ಅಂಗಡಿಯವರು ಕೇಳಿದರು.

"ಅಕ್ಕಿ," ಎಂದು ಚೇತರಿಸಿಕೊಂಡೆ.

4. ಜಾಡಿ

ದಸರಾಕ್ಕೆ ಹುಡುಗನ ಕಡೆಯ ಹಿರಿಯನಾಗಿ ನಾನು ದಿವಾಕ್ಕೆ ಹೋದೆ. ಅವಳಮ್ಮ ಜಾಡಿಯ ಬಟ್ಟೆ ಬಿಚ್ಚಿ ಒಳಗೆ ಇಣುಕಿದರು. ಖಾಲಿ.

ಹುಡುಗಿಯೂ ಬಂದು ಇಣುಕಿದಳು. ಇವನು ನನ್ನ ತೋಳು ಹಿಡಿದ. ಮೂಲೆಯಲ್ಲಿ ಪೇಪರ್ ಓದುತ್ತಿದ್ದ ಅವಳಪ್ಪ ತಲೆಯೆತ್ತಿ, "ಅದಾ? ಮೊಸರನ್ನಕ್ಕೆ ಹಾಕ್ಕೊಂಡು ಹೋದ ವಾರವೇ ಮುಗಿಸಿದೆನಲ್ಲ" ಎಂದರು.

"ಅದು ಪರೀಕ್ಷೆಗೆ ಇಟ್ಟಿದ್ದು ಕಣ್ರೀ! ಹೇಗಿತ್ತು?"

ಅವರು ಹೆಂಡತಿಯನ್ನು ನೋಡಿದರು. ಆಮೇಲೆ ಹುಡುಗನನ್ನು ಬಹಳ ಹೊತ್ತು, ಪ್ರೀತಿಯಿಂದ ನೋಡಿದರು.

"ಮದುವೆಯಾದಾಗಿನಿಂದ ಇದೇ ಮೊದಲ ಸಲ ಉಪ್ಪು ಸರಿಯಾಗಿತ್ತು. ಮುಂದಿನ ವರ್ಷವೂ ಅಳಿಯಂದಿರೇ ಕಾಯಿ ಒರೆಸಲಿ."