ಆರಗಾನಿನ ಯಹೂದಿಗಳೂ ನನ್ನ ಮಗಳ ಭಾಷಣವೂ

ಚಿಂತೆ ಮಾಡಲು ಕಾರಣ ಬೇಕೆನ್ನುವವರ ಗುಂಪಿಗೆ ನಾನು ಸೇರಿದವನಲ್ಲ. ವಿಮಾನ ಹೊತ್ತಿಗೆ ಸರಿಯಾಗಿ ಹೊರಟರೂ ಇದರಲ್ಲೇನೋ ಮೋಸವಿದೆ ಎನ್ನಿಸುತ್ತದೆ. ಆದರೂ ಐನೂರು ವರ್ಷಗಳ ಹಿಂದೆ ಮರೆಯಾದ, ನಾನು ಹೆಸರೇ ಕೇಳಿರದ ಭಾಷೆಯೊಂದಕ್ಕಾಗಿ ನಿದ್ದೆಗೆಡುತ್ತೇನೆಂದು ಎಣಿಸಿರಲಿಲ್ಲ.

ನಾವು ನೆಲೆಸಿರುವ ಪರದೇಶದಲ್ಲಿ, ಕಂಪನಿಗಳೇ ತುಂಬಿರುವ ರಿಸರ್ಚ್ ಟ್ರಯಾಂಗಲ್ ಪಾರ್ಕಿನ ಸುತ್ತಲಿನ ಕನ್ನಡಿಗರೆಲ್ಲ ಸೇರುವ ರಾಜ್ಯೋತ್ಸವದಲ್ಲಿ ಕನ್ನಡ ಭಾಷಣ ಮಾಡಲು ನನ್ನ ಮಗಳು ಅದಿತಿ ಒಪ್ಪಿದಳು. ಹೈಸ್ಕೂಲಿನಲ್ಲಿ ಅವಳು ಕಲಿಯುವುದು ಸ್ಪ್ಯಾನಿಷ್. ವಿಷಯವೂ ಅಲ್ಲಿಯದೇ: ಮಧ್ಯಯುಗದಲ್ಲಿ ಸ್ಪೇನಿನ ಆರಗಾನ್ ಸೀಮೆಯ ಯಹೂದಿಗಳು ಆಡುತ್ತಿದ್ದ ಮಾತು. ನೆರೆಹೊರೆಯವರ ಭಾಷೆಯೇ, ನಡುನಡುವೆ ಹೀಬ್ರೂ ಪದಗಳು. ಅವರನ್ನು ದೇಶದಿಂದ ಓಡಿಸಿದ ಮೇಲೆ, ಹೋದ ಕಡೆಯಲ್ಲೆಲ್ಲ ಸ್ಪೇನಿನದೇ ಇನ್ನೊಂದು ಸೀಮೆಯಾದ ಕ್ಯಾಸ್ಟೈಲಿನ ಯಹೂದಿಗಳೇ ಹೆಚ್ಚು. ಆರಗಾನಿನವರ ಮಕ್ಕಳು ಅವರ ಮಾತಿಗೆ ಒಗ್ಗಿದರು. ಇವರದು ನಾಲ್ಕಾರು ಪದಗಳನ್ನು ಅದರೊಳಗೆ ಬಿಟ್ಟು ಕರಗಿಹೋಯಿತು.

"ಪುಟ್ಟಾ, ರಾಜ್ಯೋತ್ಸವದ ದಿನ ಸತ್ತ ಭಾಷೆ ಸುದ್ದಿ ಯಾಕಮ್ಮಾ? ಜೋಗದ ಮೇಲೆ ಮಾತಾಡು."

"ಅಪ್ಪಾ, ಎವ್ರಿಬಡಿ ಜೋಗ್ ಮಾಡ್ತಾರೆ."

ಒಳಗಿನಿಂದ ಹೆಂಡತಿ ಸುಧಾ, "ಹೋದ್ವರ್ಷ ಅವಳು ಮೈಕ್ ಮುಂದಿಂದ ಅಳ್ತಾ ಇಳಿದು ಬಂದಿದ್ದು ಮರ್ತೋಯ್ತಾ ನಿಮಗೆ? ಈ ಸಲಾನೂ ಹಾಗಾದ್ರೆ ಅವಳಿನ್ನು ಕನ್ನಡದ ತಂಟೆಗೇ ಬರಲ್ಲ," ಎಂದಳು.

ಅದಿತಿಗೆ ಕನ್ನಡ ಮಾತು ಬರುತ್ತದೆ, ಅಕ್ಷರ ಬರುವುದಿಲ್ಲ. ಹಾಗಾಗಿ ಇಲ್ಲಿನ ಅಪ್ಪಂದಿರೆಲ್ಲ ಮಾಡುವಂತೆ ನಾನೂ ಕನ್ನಡ ಭಾಷಣವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದುಕೊಟ್ಟೆ. ನೋಡಿದವಳೇ ಕುಣಿದಳು: "ಅಪ್ಪಾ, ಅವರೂ ಹೀಗೇ! ಅವರ ಭಾಷೆನ ಹೀಬ್ರೂ ಲೆಟರ್ಸಲ್ಲಿ ಬರೀತಿದ್ರು!" ಇದು ಹೊಗಳಿಕೆಯೋ ಮರಣವಾರ್ತೆಯೋ ನನಗೆ ತಿಳಿಯಲಿಲ್ಲ. ಕಾರ್ಯಕ್ರಮದ ದಿನ ಪಾರ್ಕಿಂಗ್ ಲಾಟಿನಲ್ಲಿ, ಅವಳ ಧೈರ್ಯಕ್ಕಿರಲೆಂದು, ಸಾಲುಗಳ ನಡುವೆ ಒಂದೆರಡು ಸೂಚನೆಗಳನ್ನೂ ಸೇರಿಸಿದೆ.

ಮೈಕ್ ಮುಂದೆ ನಿಂತು ಅವಳು ಗಡಗಡನೆ ಓದಿದಳು: "ಕಾಲಗರ್ಭದಲ್ಲಿ ವಿಲೀನವಾದ ಆ ಭಾಷೆ ಇಲ್ಲಿ ಸ್ವಲ್ಪ ನಿಲ್ಲಿಸು ನೀರು ಕುಡಿ ಹೆದರಬೇಡ ಅಪ್ಪ ಇಲ್ಲೇ ಇದ್ದೇನೆ..."

ಸಭೆ ಬಿದ್ದು ಬಿದ್ದು ನಕ್ಕಿತು. ಅಪ್ಪ ಅಲ್ಲೇ ಇದ್ದ, ಕುರ್ಚಿಯ ಕೆಳಗೆ ಜಾಗ ಹುಡುಕುತ್ತ. ಮಗಳು ಹಾಳೆಯಿಂದ ತಲೆಯೆತ್ತಿದಳು. ಸುಧಾ ನನ್ನ ತೋಳನ್ನು ಚಿವುಟಿ ಹಿಡಿದಿದ್ದಳು. ಅದಿತಿ ನಿಜಕ್ಕೂ ನೀರು ಕುಡಿದಳು, ಹಾಳೆ ಮಡಚಿದಳು.

"ಸಾರಿ, ಅದು ಅಪ್ಪನ ಕನ್ನಡ. ನಂಗೆ ಅರ್ಧ ಅರ್ಥ ಆಗಿಲ್ಲ. ನಾನೇ ಹೇಳ್ತೀನಿ. ಆ ಅಮ್ಮಂದಿರು ಮಕ್ಕಳನ್ನ ಊಟಕ್ಕೆ ಬಾ ಅಂತ ಅವರ ಭಾಷೇಲಿ ಕರೀತಿದ್ರು. ಮಕ್ಕಳು ಬೇರೆ ಭಾಷೇಲಿ 'ಕಮಿಂಗ್' ಅಂತಿದ್ರು. ಸೇಮ್ ನಮ್ಮನೆ ಥರ."

ಈ ಸಲ ಯಾರೂ ನಗಲಿಲ್ಲ. ಅವಳು ಕೊನೆಯವರೆಗೂ ಮಾತಾಡಿದಳು. ಚಪ್ಪಾಳೆ ಮುಗಿದ ಮೇಲೂ ಮೈಕ್ ಬಿಡಲಿಲ್ಲ.

ಕಾರಿನಲ್ಲಿ, "ಆ ಹಾಳೆ ಕೊಡಮ್ಮಾ, ಹರಿದುಹಾಕ್ತೀನಿ," ಎಂದೆ.

"ನೋ ವೇ! ಆ ಯಹೂದಿಗಳ ಇಂಥ ಪೇಪರ್ಸ್ ಉಳಿದಿದ್ದಕ್ಕೇ ನಮಗೆ ಅವರ ಭಾಷೆ ಗೊತ್ತಾಗಿದ್ದು. ಇದನ್ನ ಇಟ್ಕೋತೀನಿ."

ಅಂದಿನಿಂದ ನನಗೆ ಹೊಸ ಚಿಂತೆ. ಐನೂರು ವರ್ಷಗಳ ನಂತರ ನಮ್ಮ ಕನ್ನಡವನ್ನು ಹುಡುಕಿ ಹೊರಟ ಪಂಡಿತರಿಗೆ ಇದೊಂದೇ ಹಾಳೆ ಸಿಕ್ಕಿ, ಅವರು 'ಕಾಲಗರ್ಭ' ಎಂಬ ಪದದವರೆಗೆ ಓದಿ ಕಂಗಾಲಾದರೆ ಗತಿಯೇನು? ಅವಳಿಲ್ಲದಾಗ ಹಾಳೆ ತೆಗೆದು, ತಳದಲ್ಲಿ ಇಂಗ್ಲಿಷ್ ಅಕ್ಷರಗಳಲ್ಲೇ ಅವರಿಗೂ ಒಂದು ಸೂಚನೆ ಬರೆದಿಟ್ಟಿದ್ದೇನೆ: ಇಲ್ಲಿ ಸ್ವಲ್ಪ ನಿಲ್ಲಿಸಿ, ನೀರು ಕುಡಿಯಿರಿ.